ತಲೆಗೆ ಬಂದದ್ದು ಪೇಟಕ್ಕೆ ಹೋಗುವುದು ಹೇಗೆ?
ಮಕ್ಕಳ ಪೆಟ್ಟುಗಳನ್ನು ಲೆಕ್ಕ ಹಾಕಿದ ವೈದ್ಯರೊಬ್ಬರ ಸಂಶೋಧನೆಯ ಕಥೆ



ನಿಮ್ಮ ಮೊಣಕಾಲನ್ನೊಮ್ಮೆ ನೋಡಿಕೊಳ್ಳಿ. ಹಳೆಯ ಗಾಯದ ಕಲೆಯೊಂದು ಅಲ್ಲಿ ಇದ್ದರೂ ಇರಬಹುದು. ಸೈಕಲ್ ಕಲಿಯುವಾಗ ಬಿದ್ದದ್ದೋ, ಶಾಲೆಯ ಜಗಲಿಯಿಂದ ಹಾರಿದ್ದೋ! ಅಂದು ಮನೆಯಲ್ಲಿ ಅರಿಶಿನ ಹಚ್ಚುತ್ತಾ ಅಜ್ಜಿ ಹೇಳಿರಬಹುದಾದ ಮಾತು ಇದು: "ಸದ್ಯ, ತಲೆಗೆ ಬಂದದ್ದು ಪೇಟಕ್ಕೆ ಹೋಯಿತು."

ಈ ಗಾದೆಯನ್ನು ನಾವು ಅದೃಷ್ಟದ ಮಾತಾಗಿ ಬಳಸುತ್ತೇವೆ. ದೊಡ್ಡ ಪೆಟ್ಟು ತಪ್ಪಿದರೆ ದೇವರ ದಯೆ, ತಪ್ಪದಿದ್ದರೆ ಹಣೆಬರಹ. ಆದರೆ ಪೆಟ್ಟು ತಲೆಯನ್ನು ಬಿಟ್ಟು ಪೇಟಕ್ಕೆ ಹೋಗುವಂತೆ ಮೊದಲೇ ಏರ್ಪಾಡು ಮಾಡಬಹುದಲ್ಲವೇ? ಈ ಪ್ರಶ್ನೆಯನ್ನು ಹಿಡಿದು ನಾಲ್ಕು ದಶಕಗಳಿಗೂ ಹೆಚ್ಚು ಕಾಲ ದುಡಿದವರು ಅಮೆರಿಕದ ಸಿಯಾಟಲ್ ನಗರದ ಮಕ್ಕಳ ವೈದ್ಯ ಡಾ. ಫ್ರೆಡರಿಕ್ ರಿವಾರಾ. ಆರೋಗ್ಯದ ಕಾರ್ಯಕ್ರಮಗಳನ್ನು ನೋಡಿ "ನಾನೂ ಡಾಕ್ಟರಾಗಬೇಕು" ಎನ್ನುವ ಮಕ್ಕಳಿಗೆ ಸ್ಟೆತಸ್ಕೋಪು, ಆಪರೇಷನ್ ಕೊಠಡಿ ಎರಡೂ ಗೊತ್ತು. ಅಂಕಿಸಂಖ್ಯೆಗಳಿಂದ ಜೀವ ಉಳಿಸುವ ವೈದ್ಯರ ಪರಿಚಯ ಕಡಿಮೆ. ಆ ಪರಿಚಯಕ್ಕಾಗಿಯೇ ಈ ಲೇಖನ.

ಗಾಯವೂ ಒಂದು ರೋಗವೇ

ಮಲೇರಿಯಾ ಹೇಗೆ ಬರುತ್ತದೆಂದು ನೀವು ಓದಿದ್ದೀರಿ. ರೋಗಾಣು ಒಂದು, ಅದನ್ನು ಹೊತ್ತು ತರುವ ಸೊಳ್ಳೆ ಒಂದು, ಸೊಳ್ಳೆ ಬೆಳೆಯುವ ನಿಂತ ನೀರು ಒಂದು. ಈ ಮೂರರಲ್ಲಿ ಎಲ್ಲಿ ತಡೆದರೂ ರೋಗ ತಗ್ಗುತ್ತದೆ.

ಗಾಯಕ್ಕೂ ಇದೇ ಲೆಕ್ಕ ಅನ್ವಯಿಸುತ್ತದೆಂದು ತೋರಿಸಿಕೊಟ್ಟವರಲ್ಲಿ ಪ್ರಮುಖರು ವಿಲಿಯಂ ಹ್ಯಾಡನ್ ಎಂಬ ವೈದ್ಯರು. 1960ರ ದಶಕದಲ್ಲಿ ಅಮೆರಿಕದ ರಸ್ತೆ ಸುರಕ್ಷತಾ ಇಲಾಖೆಯ ಮೊದಲ ಮುಖ್ಯಸ್ಥರಾಗಿದ್ದವರು ಅವರು. ಗಾಯದ 'ರೋಗಾಣು' ಯಾವುದು? ಶಕ್ತಿ. ಭೌತಶಾಸ್ತ್ರದಲ್ಲಿ ನೀವು ಓದುವ ಅದೇ ಶಕ್ತಿ: ಚಲನೆಯದು, ಶಾಖದ್ದು, ವಿದ್ಯುತ್ತಿನದು. ಶರೀರ ತಾಳಿಕೊಳ್ಳುವುದಕ್ಕಿಂತ ಹೆಚ್ಚು ಶಕ್ತಿ ಒಮ್ಮೆಗೇ ಬಂದು ಬಡಿದರೆ ಅದೇ ಗಾಯ. ವೇಗ ಎರಡು ಪಟ್ಟಾದರೆ ಚಲನಶಕ್ತಿ ನಾಲ್ಕು ಪಟ್ಟಾಗುತ್ತದೆ ಎಂಬ ಸೂತ್ರ ಪರೀಕ್ಷೆಗೆ ಮಾತ್ರವಲ್ಲ, ಬದುಕಿಗೂ ಬೇಕು.

ಹ್ಯಾಡನ್ ಒಂದು ಕೋಷ್ಟಕ ಮಾಡಿದರು. ಒಂದು ಕಡೆ ಮೂರು ಹಂತಗಳು: ಘಟನೆಗೆ ಮುಂಚೆ, ಘಟನೆಯ ಕ್ಷಣದಲ್ಲಿ, ಘಟನೆಯ ನಂತರ. ಇನ್ನೊಂದು ಕಡೆ ವ್ಯಕ್ತಿ, ವಾಹನ ಅಥವಾ ವಸ್ತು, ಸುತ್ತಲಿನ ಪರಿಸರ. ಸೈಕಲ್ ಹೊಡೆಯುವ ಹುಡುಗನನ್ನು ಈ ಕೋಷ್ಟಕದಲ್ಲಿಟ್ಟು ನೋಡಿ. ಬ್ರೇಕು ಸರಿಯಿದ್ದರೆ ಬೀಳುವುದೇ ತಪ್ಪಬಹುದು. ಇದು ಮುಂಚಿನ ಮಾತು. ಬಿದ್ದರೂ ತಲೆಗೆ ರಕ್ಷಣೆಯಿದ್ದರೆ ಮಿದುಳು ಉಳಿಯಬಹುದು. ಇದು ಆ ಕ್ಷಣದ ಮಾತು. ಆಂಬುಲೆನ್ಸು ಬೇಗ ಬಂದರೆ ಜೀವ ಉಳಿಯಬಹುದು. ಇದು ನಂತರದ ಮಾತು. "ಹುಡುಗ ಹುಷಾರಾಗಿರಬೇಕಿತ್ತು" ಎಂಬುದು ಒಂಬತ್ತು ಮನೆಗಳಲ್ಲಿ ಒಂದು ಮನೆ ಮಾತ್ರ. ಉಳಿದ ಮನೆಗಳಲ್ಲೂ ಕೆಲಸವಿದೆ.

ಸಿಯಾಟಲ್‌ನಲ್ಲಿ ಈ ಕೆಲಸಕ್ಕೆ ನೆಲ ಹದ ಮಾಡಿದವರು ಏಬ್ರಹಾಂ ಬರ್ಗ್‌ಮನ್ ಎಂಬ ಹಿರಿಯ ಮಕ್ಕಳ ವೈದ್ಯರು. ಸುಟ್ಟಗಾಯಗಳಿಂದ ನರಳುವ ಮಕ್ಕಳನ್ನು ನೋಡಿದ ಅವರು, ಬೇಗ ಬೆಂಕಿ ಹತ್ತುವ ಬಟ್ಟೆಗಳ ವಿರುದ್ಧದ ಕಾನೂನು 1967ರಲ್ಲಿ ಬಿಗಿಯಾಗಲು ಶ್ರಮಿಸಿದವರು. ರಿವಾರಾ ಅವರು ಮಕ್ಕಳ ವೈದ್ಯಶಾಸ್ತ್ರದ ಜೊತೆಗೆ ಸಾರ್ವಜನಿಕ ಆರೋಗ್ಯ ವಿಷಯದಲ್ಲೂ ಪದವಿ ಪಡೆದರು. ಸಿಯಾಟಲ್‌ನ ಹಾರ್ಬರ್‌ವ್ಯೂ ಆಸ್ಪತ್ರೆಯಲ್ಲಿ ಗಾಯಗಳ ತಡೆ ಮತ್ತು ಸಂಶೋಧನೆಗಾಗಿ 1985ರಲ್ಲಿ ಆರಂಭವಾದ ಕೇಂದ್ರಕ್ಕೆ ಅವರೇ ಮೊದಲ ನಿರ್ದೇಶಕರು.

ಹೆಲ್ಮೆಟ್ಟಿನ ಲೆಕ್ಕ

ಸೈಕಲ್ ಹೆಲ್ಮೆಟ್ ತಲೆಯನ್ನು ಕಾಪಾಡುತ್ತದೆಯೇ? "ಅದರಲ್ಲೇನು ಕೇಳುವುದು, ಕಾಪಾಡುತ್ತದೆ" ಎನ್ನುತ್ತೀರಿ. ಆದರೆ ವಿಜ್ಞಾನಕ್ಕೆ ನಂಬಿಕೆ ಸಾಲದು, ಅಳತೆ ಬೇಕು. ಅಳೆಯುವುದು ಹೇಗೆ? ಅರ್ಧ ಮಕ್ಕಳಿಗೆ ಹೆಲ್ಮೆಟ್ ಕೊಟ್ಟು, ಇನ್ನರ್ಧ ಮಕ್ಕಳನ್ನು ಬರಿದಲೆಯಲ್ಲಿ ಬಿಟ್ಟು, ಯಾರು ಬೀಳುತ್ತಾರೆಂದು ಕಾಯುವುದೇ? ಅದು ಧರ್ಮವಲ್ಲ.

ರಾಬರ್ಟ್ ಥಾಂಪ್ಸನ್, ಡಯೇನ್ ಥಾಂಪ್ಸನ್ ಅವರೊಂದಿಗೆ ಸೇರಿ ರಿವಾರಾ ಹಿಮ್ಮುಖವಾಗಿ ನಡೆದರು. ಸೈಕಲ್ಲಿನಿಂದ ಬಿದ್ದು ತಲೆಗೆ ಪೆಟ್ಟಾಗಿ ಸಿಯಾಟಲ್ ಪ್ರದೇಶದ ಐದು ಆಸ್ಪತ್ರೆಗಳ ತುರ್ತು ವಿಭಾಗಕ್ಕೆ ಬಂದ 235 ಜನರನ್ನು ಮೊದಲು ಗುರುತಿಸಿದರು. ಅವರೊಂದಿಗೆ ಹೋಲಿಸಲು, ಸೈಕಲ್ಲಿನಿಂದಲೇ ಬಿದ್ದು ಕೈಗೋ ಕಾಲಿಗೋ ಪೆಟ್ಟಾಗಿ ಅದೇ ಆಸ್ಪತ್ರೆಗಳಿಗೆ ಬಂದ 433 ಜನರನ್ನು ತೆಗೆದುಕೊಂಡರು. ಬೀಳುವಾಗ ತಲೆಯ ಮೇಲೆ ಹೆಲ್ಮೆಟ್ ಇತ್ತೇ ಎಂದು ಎಲ್ಲರನ್ನೂ ಕೇಳಿದರು.

ಇಲ್ಲೊಂದು ಸಂದೇಹ ಬರುತ್ತದೆ. ಆಸ್ಪತ್ರೆಗೆ ಬರುವವರೇ ಬೇರೆ ತರಹದ ಜನರಾಗಿದ್ದರೆ? ಅದಕ್ಕೂ ಉತ್ತರ ಸಿದ್ಧವಿತ್ತು. ಆರೋಗ್ಯ ಸಹಕಾರ ಸಂಸ್ಥೆಯೊಂದರ ಸದಸ್ಯರ ಪೈಕಿ ಹಿಂದಿನ ಒಂದು ವರ್ಷದಲ್ಲಿ ಸೈಕಲ್ಲಿನಿಂದ ಬಿದ್ದಿದ್ದ 558 ಜನರನ್ನು ಎರಡನೆಯ ಹೋಲಿಕೆಗೆ ಇಟ್ಟುಕೊಂಡರು.

ಲೆಕ್ಕ ಹೀಗೆ ಬಂತು. ತಲೆಗೆ ಪೆಟ್ಟಾದವರಲ್ಲಿ ಹೆಲ್ಮೆಟ್ ಹಾಕಿದ್ದವರು ನೂರಕ್ಕೆ 7. ಬೇರೆಡೆ ಪೆಟ್ಟಾಗಿ ಆಸ್ಪತ್ರೆಗೆ ಬಂದವರಲ್ಲಿ 24. ಸಹಕಾರ ಸಂಸ್ಥೆಯ ಸದಸ್ಯರಲ್ಲಿ 23. ವಯಸ್ಸು, ಆದಾಯ, ವಿದ್ಯಾಭ್ಯಾಸ, ಸೈಕಲ್ಲಿನ ಅನುಭವ, ಅಪಘಾತದ ತೀವ್ರತೆ ಇವುಗಳ ಪ್ರಭಾವವನ್ನೂ ಗಣಿತದಿಂದ ಬೇರ್ಪಡಿಸಿ ನೋಡಿದಾಗ, ಹೆಲ್ಮೆಟ್ ಇದ್ದರೆ ತಲೆಗೆ ಪೆಟ್ಟಾಗುವ ಸಂಭವ ನೂರಕ್ಕೆ 85ರಷ್ಟು ಕಡಿಮೆ ಎಂದು ಕಂಡಿತು. ಮಿದುಳಿನ ಪೆಟ್ಟಿಗೆ ಈ ಅಂಕಿ 88. ಇದು ಪ್ರಕಟವಾದದ್ದು 1989ರಲ್ಲಿ, ನ್ಯೂ ಇಂಗ್ಲೆಂಡ್ ಜರ್ನಲ್ ಆಫ್ ಮೆಡಿಸಿನ್ ಪತ್ರಿಕೆಯಲ್ಲಿ.

ವಿಜ್ಞಾನ ಅಲ್ಲಿಗೇ ನಿಲ್ಲುವುದಿಲ್ಲ. 2016ರಲ್ಲಿ ಬೇರೆ ಸಂಶೋಧಕರು 40 ಅಧ್ಯಯನಗಳನ್ನು ಒಟ್ಟುಗೂಡಿಸಿ ನೋಡಿದಾಗ, ತಲೆಯ ಪೆಟ್ಟಿನ ಸಂಭವ ಸುಮಾರು ಅರ್ಧದಷ್ಟು, ತೀವ್ರವಾದ ಪೆಟ್ಟಿನದು ಮೂರರಲ್ಲಿ ಎರಡು ಪಾಲಿನಷ್ಟು ಕಡಿಮೆಯಾಗುತ್ತದೆಂದು ಕಂಡಿತು. ಮೊದಲ ಅಂಕಿ ಇಳಿಯಿತು, ಹೆಲ್ಮೆಟ್ ಕಾಪಾಡುತ್ತದೆ ಎಂಬ ಮಾತು ಉಳಿಯಿತು.

ಪತ್ರಿಕೆಯಿಂದ ಬೀದಿಗೆ

ಲೇಖನ ಅಚ್ಚಾದ ಮಾತ್ರಕ್ಕೆ ಒಂದು ಮಗುವೂ ಉಳಿಯುವುದಿಲ್ಲ. 1987ರಲ್ಲಿ ಸಿಯಾಟಲ್‌ನ ಬೀದಿಗಳಲ್ಲಿ ಸೈಕಲ್ ಹೊಡೆಯುವ ಮಕ್ಕಳಲ್ಲಿ ಹೆಲ್ಮೆಟ್ ಹಾಕುತ್ತಿದ್ದವರು ನೂರಕ್ಕೆ ಐದಾರು ಮಂದಿ. ಬೆಲೆ ದುಬಾರಿ, ಹೆಲ್ಮೆಟ್ ಬೇಕೆಂಬುದು ಎಷ್ಟೋ ತಂದೆತಾಯಿಯರಿಗೆ ಹೊಳೆದಿರಲೇ ಇಲ್ಲ. ಬರ್ಗ್‌ಮನ್, ರಿವಾರಾ ಮತ್ತು ಸಂಗಡಿಗರು ವೈದ್ಯರನ್ನೂ ಶಾಲೆಗಳನ್ನೂ ರೇಡಿಯೋ, ದೂರದರ್ಶನ, ಪತ್ರಿಕೆಗಳನ್ನೂ ಒಟ್ಟು ಸೇರಿಸಿ ಪ್ರಚಾರ ನಡೆಸಿದರು. ರಿಯಾಯಿತಿ ಕೂಪನ್ನುಗಳನ್ನು ಹಂಚಿದರು.

1992ರ ಹೊತ್ತಿಗೆ ಹೆಲ್ಮೆಟ್ ಹಾಕುವ ಮಕ್ಕಳು ನೂರಕ್ಕೆ 40 ಆದರು. ಅದೇ ಅವಧಿಯಲ್ಲಿ, ಅವರು ಲೆಕ್ಕವಿಟ್ಟ ಮಕ್ಕಳಲ್ಲಿ ಸೈಕಲ್ಲಿನಿಂದಾಗುವ ತಲೆಯ ಪೆಟ್ಟುಗಳು ಮೂರರಲ್ಲಿ ಎರಡು ಪಾಲು ಇಳಿದವು. ದೂರದರ್ಶನದಲ್ಲಿ ದುಡಿಯುವ ನನಗೆ ಇಲ್ಲೊಂದು ಪಾಠವಿದೆ. ಪ್ರಚಾರ ಮಾಡಿ ಕೈ ತೊಳೆದುಕೊಂಡರೆ ಸಾಲದು. ಬೀದಿಗಿಳಿದು ತಲೆಗಳನ್ನು ಎಣಿಸಬೇಕು.

ಉಪದೇಶ ಸೋತ ಕಡೆ

ಎಲ್ಲ ಪ್ರಯತ್ನವೂ ಗೆಲ್ಲಲಿಲ್ಲ. ರಸ್ತೆ ದಾಟುವುದನ್ನು ಶಾಲೆಯಲ್ಲೇ ಕಲಿಸಿದರೆ ಮಕ್ಕಳಿಗೆ ವಾಹನ ಬಡಿಯುವುದು ತಪ್ಪೀತೇ ಎಂದು ಈ ತಂಡ ಪರೀಕ್ಷಿಸಿ 1991ರಲ್ಲಿ ಪ್ರಕಟಿಸಿತು. ಕಲಿಸಿದ್ದರಿಂದ ಆದ ಸುಧಾರಣೆ ಸ್ವಲ್ಪವೇ. ಮರುವರ್ಷದ ಇನ್ನೊಂದು ಅಧ್ಯಯನ ಕಂಡದ್ದು ಇನ್ನೂ ಯೋಚಿಸಬೇಕಾದ ವಿಷಯ: ತಮ್ಮ ಮಕ್ಕಳು ರಸ್ತೆ ದಾಟಬಲ್ಲರೆಂದು ತಂದೆತಾಯಿಯರು ಎಷ್ಟು ನಂಬಿದ್ದರೋ ಅಷ್ಟು ಸಾಮರ್ಥ್ಯ ಮಕ್ಕಳಲ್ಲಿ ಇರಲಿಲ್ಲ.

ಇದು ಮಕ್ಕಳ ದಡ್ಡತನವಲ್ಲ. ಬರುವ ವಾಹನದ ವೇಗ, ದೂರ ಎರಡನ್ನೂ ಒಟ್ಟಿಗೆ ಅಳೆಯುವ ಶಕ್ತಿ ಬೆಳೆಯಲು ವಯಸ್ಸಾಗಬೇಕು. ಹಾಗಾಗಿ ಮಗುವನ್ನು ತಿದ್ದುವುದರ ಜೊತೆಗೆ ರಸ್ತೆಯನ್ನೂ ತಿದ್ದಬೇಕು: ಶಾಲೆಯ ಮುಂದೆ ವೇಗ ತಗ್ಗಿಸಬೇಕು, ಉಬ್ಬು ಹಾಕಬೇಕು, ನಡೆಯುವವರಿಗೆ ಜಾಗ ಬಿಡಬೇಕು. ನಿಮ್ಮ ತಮ್ಮನನ್ನೋ ತಂಗಿಯನ್ನೋ ಶಾಲೆಗೆ ಕರೆದೊಯ್ಯುವಾಗ ಇದು ನೆನಪಿರಲಿ. "ದೊಡ್ಡವನಾಗಿದ್ದಾನೆ, ದಾಟುತ್ತಾನೆ" ಎಂದು ಕೈ ಬಿಡಬೇಡಿ.

ಸತ್ಯಕ್ಕೆ ಬಂದ ಅಡ್ಡಿ

ಹೆಲ್ಮೆಟ್ಟಿನ ಲೆಕ್ಕಕ್ಕೆ ಚಪ್ಪಾಳೆ ಸಿಕ್ಕಿತು. ಅದೇ ವಿಧಾನವನ್ನು ಬಂದೂಕಿನ ಮೇಲೆ ಪ್ರಯೋಗಿಸಿದಾಗ ಸಿಟ್ಟು ಎದುರಾಯಿತು.

ಅಮೆರಿಕದಲ್ಲಿ ಬಹಳ ಮನೆಗಳಲ್ಲಿ ಬಂದೂಕು ಇರುತ್ತದೆ. ಮನೆಯ ರಕ್ಷಣೆಗೆ ಎಂಬುದು ಅನೇಕರ ವಾದ. ಆರ್ಥರ್ ಕೆಲರ್‌ಮನ್ ನೇತೃತ್ವದಲ್ಲಿ ರಿವಾರಾ ಮೊದಲಾದವರು, ಮನೆಯಲ್ಲೇ ಕೊಲೆಯಾದವರ ಕುಟುಂಬಗಳನ್ನು ಅದೇ ನೆರೆಹೊರೆಯ ಬೇರೆ ಕುಟುಂಬಗಳೊಂದಿಗೆ ಹೋಲಿಸಿದರು. ಇಂಥ 388 ಜೋಡಿಗಳನ್ನು ನೋಡಿ 1993ರಲ್ಲಿ ಹೇಳಿದ್ದಿಷ್ಟು: ಬಂದೂಕು ಇದ್ದ ಮನೆಗಳಲ್ಲಿ ಕೊಲೆಯ ಸಂಭವ 2.7 ಪಟ್ಟು ಹೆಚ್ಚು ಕಂಡಿತು. ಸಂಬಂಧ ಇದೆ ಎಂದ ಮಾತ್ರಕ್ಕೆ ಬಂದೂಕೇ ಕಾರಣ ಎಂದಾಗದು ಎಂದು ವಿಮರ್ಶಕರು ವಾದಿಸಿದರು. ಅದು ನ್ಯಾಯವಾದ ಚರ್ಚೆ. ಅಂಥ ಚರ್ಚೆಗೆ ಉತ್ತರ ಇನ್ನಷ್ಟು ಸಂಶೋಧನೆ ತಾನೇ?

ಆದದ್ದು ಬೇರೆ. 1996ರಲ್ಲಿ ಅಮೆರಿಕದ ಸಂಸತ್ತು, ಗಾಯಗಳ ತಡೆಗೆಂದು ಕೊಡುವ ಸರ್ಕಾರಿ ಹಣವನ್ನು ಬಂದೂಕು ನಿಯಂತ್ರಣದ ಪರ ಪ್ರಚಾರಕ್ಕೆ ಬಳಸಕೂಡದೆಂದು ವಿಧಿಸಿತು. ಬಂದೂಕಿನ ಗಾಯಗಳ ಸಂಶೋಧನೆಗೆ ಖರ್ಚಾಗುತ್ತಿದ್ದ 26 ಲಕ್ಷ ಡಾಲರನ್ನೂ ಅಲ್ಲಿಂದ ಕಿತ್ತುಕೊಂಡಿತು. ಸಂಶೋಧನೆಯನ್ನೇ ನಿಷೇಧಿಸಿರಲಿಲ್ಲ, ಆದರೆ ಇಲಾಖೆ ಹೆದರಿತು. ಎಷ್ಟೋ ಯುವ ಸಂಶೋಧಕರು ಬೇರೆ ವಿಷಯ ಹಿಡಿದರು.

ರಿವಾರಾ ಬಿಡಲಿಲ್ಲ. ಬಂದೂಕನ್ನು ಬೀಗ ಹಾಕಿ, ಗುಂಡು ತೆಗೆದು, ಗುಂಡುಗಳನ್ನು ಬೇರೆಡೆ ಇಟ್ಟರೆ ಮಕ್ಕಳಿಗೆ, ಹದಿಹರೆಯದವರಿಗೆ ಆಗುವ ಅನಾಹುತಗಳ ಸಂಭವ ಕಡಿಮೆ ಎಂದು ಡೇವಿಡ್ ಗ್ರಾಸ್‌ಮನ್ ಅವರೊಂದಿಗೆ ತಂಡ 2005ರಲ್ಲಿ ತೋರಿಸಿತು. 2013ರಲ್ಲಿ ಸಿಯಾಟಲ್ ನಗರಸಭೆ ತಾನೇ ಹಣ ಕೊಟ್ಟು ಇಂಥ ಸಂಶೋಧನೆಗೆ ಮುಂದಾಯಿತು. 1996ರ ಷರತ್ತನ್ನು ತಂದ ಸಂಸದ ಜೇ ಡಿಕಿ 2012ರಲ್ಲಿ ಮನಸ್ಸು ಬದಲಿಸಿ, ಈ ಸಂಶೋಧನೆ ನಡೆಯಬೇಕೆಂದು ಬಹಿರಂಗವಾಗಿ ಬರೆದರು. ಕೊನೆಗೆ 2019ರ ಡಿಸೆಂಬರಿನಲ್ಲಿ ಸರ್ಕಾರ 2.5 ಕೋಟಿ ಡಾಲರ್ ಮಂಜೂರು ಮಾಡಿತು. ನಡುವೆ ಕಳೆದದ್ದು 23 ವರ್ಷ. ಆ ವರ್ಷಗಳಲ್ಲಿ ಕೇಳಬೇಕಾಗಿದ್ದ ಪ್ರಶ್ನೆಗಳು, ಉಳಿಯಬಹುದಾಗಿದ್ದ ಮಕ್ಕಳು ಎಷ್ಟೋ!

ಗಾಯ ಮಾಗಿದ ಮೇಲೆ

ಹೊರಗಿನ ಗಾಯ ಮಾಗಿದರೂ ಒಳಗಿನ ಪೆಟ್ಟು ಉಳಿಯಬಹುದು. ಮಿದುಳಿಗೆ ಪೆಟ್ಟಾದ ಮಕ್ಕಳನ್ನು ರಿವಾರಾ ತಂಡ ಎರಡು ವರ್ಷಗಳವರೆಗೆ ಹಿಂಬಾಲಿಸಿ ಅವರ ಓದು, ಆಟ, ಗೆಳೆತನಗಳ ಮೇಲಾದ ಪರಿಣಾಮವನ್ನು ದಾಖಲಿಸಿತು. ಆಟದಲ್ಲಿ ತಲೆಗೆ ಏಟಾದ ವಿದ್ಯಾರ್ಥಿಯನ್ನು ವೈದ್ಯಕೀಯ ಒಪ್ಪಿಗೆಯಿಲ್ಲದೆ ಮತ್ತೆ ಮೈದಾನಕ್ಕೆ ಇಳಿಸಬಾರದೆಂದು ಸಿಯಾಟಲ್ ಇರುವ ವಾಷಿಂಗ್ಟನ್ ರಾಜ್ಯ 2009ರಲ್ಲಿ ಕಾನೂನು ಮಾಡಿತು. ಕಾನೂನಾದ ನಂತರ ಇವರು ವಿಚಾರಿಸಿದಾಗ, ಅಂಥ ಏಟು ತಿಂದ ಪ್ರೌಢಶಾಲಾ ಆಟಗಾರರಲ್ಲಿ ನೂರಕ್ಕೆ 69 ಮಂದಿ ತಲೆಸುತ್ತು, ತಲೆನೋವು ಮೊದಲಾದ ಲಕ್ಷಣಗಳಿದ್ದರೂ ಆಡಿದ್ದೇವೆಂದು ಒಪ್ಪಿಕೊಂಡರು! ನೀವು ಕಬಡ್ಡಿ ಆಡುವವರಿರಲಿ, ಕ್ರಿಕೆಟ್ ಆಡುವವರಿರಲಿ, ತಲೆಗೆ ಏಟು ಬಿದ್ದು ತಲೆ ಸುತ್ತಿದರೆ ಆಟ ನಿಲ್ಲಿಸಿ, ದೊಡ್ಡವರಿಗೆ ಹೇಳಿ, ವೈದ್ಯರಿಗೆ ತೋರಿಸಿ. ಮುಚ್ಚಿಡುವುದು ಶೌರ್ಯವಲ್ಲ.

ನಮಗೇನು ಇದರಿಂದ?

ವಿಶ್ವ ಆರೋಗ್ಯ ಸಂಸ್ಥೆ ಮತ್ತು ಯುನಿಸೆಫ್ 2008ರಲ್ಲಿ ಹೊರತಂದ ವರದಿಯ ಪ್ರಕಾರ, ಜಗತ್ತಿನಲ್ಲಿ ದಿನಕ್ಕೆ 2000ಕ್ಕಿಂತ ಹೆಚ್ಚು ಮಕ್ಕಳು ಆಕಸ್ಮಿಕ ಗಾಯಗಳಿಂದ ಸಾಯುತ್ತಿದ್ದರು. ಅವರಲ್ಲಿ ಬಹುಪಾಲು ಬಡ ಹಾಗೂ ಮಧ್ಯಮ ಆದಾಯದ ದೇಶಗಳವರು. ನಮ್ಮಲ್ಲಿ 2019ರ ತಿದ್ದುಪಡಿಯಂತೆ ದ್ವಿಚಕ್ರ ಮೋಟಾರು ವಾಹನದಲ್ಲಿ ಕೂರುವ 4 ವರ್ಷ ಮೀರಿದ ಮಕ್ಕಳಿಗೂ ಹೆಲ್ಮೆಟ್ ಕಡ್ಡಾಯ. 2023ರ ಫೆಬ್ರವರಿಯಿಂದ, 9 ತಿಂಗಳು ತುಂಬಿದ ಮಗುವಿನಿಂದ 4 ವರ್ಷದವರೆಗಿನವರಿಗೆ ಹೆಲ್ಮೆಟ್ಟಿನೊಂದಿಗೆ ಸವಾರನಿಗೆ ಕಟ್ಟುವ ಸುರಕ್ಷಾ ಪಟ್ಟಿಯೂ ಬೇಕು. ವೇಗ ಗಂಟೆಗೆ 40 ಕಿಲೋಮೀಟರು ಮೀರಬಾರದು. ನಿಯಮ ಪುಸ್ತಕದಲ್ಲಿದೆ. ಶಾಲೆಯ ಗೇಟಿನ ಮುಂದೆ ಎಷ್ಟಿದೆ?

ಎಣಿಸಿ ನೋಡಬಾರದೇಕೆ? ಒಂದು ನೋಟ್‌ಬುಕ್ ತೆಗೆದುಕೊಳ್ಳಿ. ಒಂದು ತಿಂಗಳ ಕಾಲ ನಿಮ್ಮ ಶಾಲೆಯಲ್ಲಿ ಯಾರಿಗೆ ಪೆಟ್ಟಾಯಿತು, ಎಲ್ಲಿ, ಯಾವ ಹೊತ್ತಿನಲ್ಲಿ, ಹೇಗೆ ಎಂದು ಬರೆಯಿರಿ, ಹೆಸರು ಬೇಡ. ತಿಂಗಳ ಕೊನೆಗೆ ನೋಡಿದರೆ ಒಂದೇ ಮೆಟ್ಟಿಲು, ಒಂದೇ ನಲ್ಲಿಯ ಕೆಳಗಿನ ಪಾಚಿ, ಒಂದೇ ಮುರಿದ ಬೆಂಚು ಮತ್ತೆ ಮತ್ತೆ ಕಾಣಿಸಬಹುದು. ಆ ಪುಟವನ್ನು ಮುಖ್ಯೋಪಾಧ್ಯಾಯರಿಗೆ ತೋರಿಸಿ. ಸರಿಪಡಿಸಿದ ಮೇಲೆ ಇನ್ನೊಂದು ತಿಂಗಳು ಎಣಿಸಿ. ರಿವಾರಾ ಅವರ ವಿದ್ಯೆಯ ಮೊದಲ ಪಾಠ ಇದೇ.

ಈ ಹಾದಿ ಹಿಡಿಯಲು ವೈದ್ಯ ಪದವಿಯೊಂದೇ ಬಾಗಿಲಲ್ಲ. ಸಂಖ್ಯಾಶಾಸ್ತ್ರ, ಸಾರ್ವಜನಿಕ ಆರೋಗ್ಯ, ಮನಶ್ಶಾಸ್ತ್ರ, ಎಂಜಿನಿಯರಿಂಗ್ ಓದಿದವರಿಗೂ ಇಲ್ಲಿ ಕೆಲಸವಿದೆ. ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆಯಲ್ಲಿ ರಸ್ತೆ ಅಪಘಾತ ಮತ್ತು ತಲೆಯ ಗಾಯಗಳ ಮೇಲೆ ಇಂಥ ಸಂಶೋಧನೆ ಹಲವು ವರ್ಷಗಳಿಂದ ನಡೆದಿದೆ.

ಇನ್ನೊಂದು ಮಾತು. ಆಸ್ಪತ್ರೆಯಲ್ಲಿ ಜೀವ ಉಳಿಸಿದ ವೈದ್ಯರಿಗೆ ಮಗುವಿನ ತಾಯಿ ಕೈಮುಗಿಯುತ್ತಾಳೆ. ಪೆಟ್ಟೇ ಆಗದಂತೆ ತಡೆದವರಿಗೆ ಯಾರೂ ಕೈಮುಗಿಯುವುದಿಲ್ಲ, ಏಕೆಂದರೆ ಉಳಿದ ಮಗು ಯಾವುದೆಂದು ಯಾರಿಗೂ ಗೊತ್ತಾಗುವುದೇ ಇಲ್ಲ. ಅದು ಎಂದಿನಂತೆ ಸಂಜೆ ಸೈಕಲ್ ನಿಲ್ಲಿಸಿ, ಹೆಲ್ಮೆಟ್ ಮೂಲೆಗೆಸೆದು, "ಅಮ್ಮಾ, ಹಸಿವು" ಎನ್ನುತ್ತದೆ.