ರಸ್ತೆ ಅಪಘಾತದ ಗಾಯ: ಪರಿಹಾರಕ್ಕೆ ಬೇಕಾಗುವ ಸಾಕ್ಷ್ಯಗಳು

ರಾಷ್ಟ್ರೀಯ ಹೆದ್ದಾರಿ 66 ಭಟ್ಕಳ, ಹೊನ್ನಾವರ ಮತ್ತು ಕುಮಟಾ ತಾಲೂಕುಗಳ ಮೂಲಕ ಹಾದುಹೋಗುತ್ತದೆ. ಇಲ್ಲಿ ಅಪಘಾತಕ್ಕೀಡಾಗಿ ತೀವ್ರವಾಗಿ ಗಾಯಗೊಂಡವರನ್ನು ಸಾಮಾನ್ಯವಾಗಿ ಮೊದಲು ತಾಲೂಕು ಆಸ್ಪತ್ರೆಗೆ, ಅಲ್ಲಿಂದ ಮಣಿಪಾಲ ಅಥವಾ ಮಂಗಳೂರಿಗೆ ಕರೆದೊಯ್ಯಲಾಗುತ್ತದೆ. ಹೀಗಾಗಿ ಒಂದೇ ಗಾಯದ ದಾಖಲೆಗಳು ಎರಡು ಮೂರು ಕಡೆ ಹಂಚಿಹೋಗುತ್ತವೆ. ಗಾಯ ನಿಜವಾಗಿದ್ದರೂ ದಾಖಲೆಗಳ ಸರಪಳಿಯ ಒಂದು ಕೊಂಡಿ ತಪ್ಪಿದರೆ ಪರಿಹಾರದ ಮೊತ್ತ ಕುಗ್ಗಬಹುದು.

ಅರ್ಜಿ ಎಲ್ಲಿ, ಯಾವಾಗ?

ಮೋಟಾರು ವಾಹನ ಕಾಯ್ದೆ, 1988ರ ಕಲಂ 166ರಂತೆ ಅಪಘಾತ ನಡೆದ ಸ್ಥಳದ ಅಥವಾ ಗಾಯಾಳು ವಾಸಿಸುವ ಸ್ಥಳದ ವ್ಯಾಪ್ತಿಯ ಅಪಘಾತ ಪರಿಹಾರ ನ್ಯಾಯಮಂಡಳಿಗೆ ಅರ್ಜಿ ಸಲ್ಲಿಸಬಹುದು. 2022ರ ಏಪ್ರಿಲ್ 1ರಿಂದ ಜಾರಿಗೆ ಬಂದ ತಿದ್ದುಪಡಿಯಂತೆ ಅಪಘಾತದ ದಿನದಿಂದ 6 ತಿಂಗಳೊಳಗೆ ಅರ್ಜಿ ಸಲ್ಲಿಸತಕ್ಕದ್ದು. ಕ್ರಿಮಿನಲ್ ಪ್ರಕರಣದಂತೆ ಇಲ್ಲಿ ಸಂಶಯಾತೀತ ರುಜುವಾತು ಬೇಕಿಲ್ಲ. ಘಟನೆ ಹೀಗೆಯೇ ನಡೆದಿರುವ ಸಂಭವ ಹೆಚ್ಚೆಂದು ತೋರಿಸಿದರೆ ಸಾಕು.

ಮೊದಲ ದಾಖಲೆ

ಆಸ್ಪತ್ರೆಗೆ ಸೇರಿಸುವಾಗಲೇ ಇದು ರಸ್ತೆ ಅಪಘಾತವೆಂದು ತಿಳಿಸಿ, ಗೊತ್ತಿದ್ದರೆ ವಾಹನದ ಸಂಖ್ಯೆಯನ್ನೂ ನೀಡಿ, ವೈದ್ಯಕೀಯ-ಕಾನೂನು ಪ್ರಕರಣದ ವಹಿಯಲ್ಲಿ ನಮೂದಿಸುವಂತೆ ಕೋರಬೇಕು. ಅವಸರದಲ್ಲಿ ‘ಬಿದ್ದು ಗಾಯ’ ಎಂದಷ್ಟೇ ಬರೆಸಿದರೆ, ಆ ಸಾಲೇ ಮುಂದೆ ವಿಮಾ ಕಂಪನಿಯ ಆಕ್ಷೇಪಣೆಗೆ ಆಧಾರವಾಗಬಹುದು. ಪೊಲೀಸರು 48 ಗಂಟೆಗಳಲ್ಲಿ ಪ್ರಥಮ ಅಪಘಾತ ವರದಿಯನ್ನೂ 90 ದಿನಗಳಲ್ಲಿ ವಿವರವಾದ ವರದಿಯನ್ನೂ ನ್ಯಾಯಮಂಡಳಿಗೆ ಸಲ್ಲಿಸಬೇಕೆಂದು 2022ರ ನಿಯಮಗಳು ಹೇಳುತ್ತವೆ. ಎಫ್‌ಐಆರ್, ಸ್ಥಳ ಮಹಜರು, ಗಾಯದ ಪ್ರಮಾಣಪತ್ರ, ಎಲ್ಲ ಆಸ್ಪತ್ರೆಗಳ ಬಿಡುಗಡೆ ಪತ್ರ, ಎಕ್ಸ್‌ರೇ ಹಾಗೂ ಮೂಲ ಬಿಲ್ಲುಗಳನ್ನು ದಿನಾಂಕದ ಕ್ರಮದಲ್ಲಿ ಜೋಡಿಸಿಡಬೇಕು.

ಅಂಗವೈಕಲ್ಯ ಮತ್ತು ದುಡಿಮೆ

ಅಂಗವೈಕಲ್ಯದ ಶೇಕಡಾವಾರು ಮತ್ತು ದುಡಿಮೆಯ ಸಾಮರ್ಥ್ಯದ ನಷ್ಟ ಒಂದೇ ಅಲ್ಲವೆಂದು ಸುಪ್ರೀಂ ಕೋರ್ಟ್ 2010ರಲ್ಲಿ ಸ್ಪಷ್ಟಪಡಿಸಿದೆ. ವೈಕಲ್ಯದ ಪ್ರಮಾಣವನ್ನು ವೈದ್ಯರು ಹೇಳುತ್ತಾರೆ. ಅದರಿಂದ ದುಡಿಮೆಗಾದ ನಷ್ಟವನ್ನು ನ್ಯಾಯಮಂಡಳಿ ನಿರ್ಧರಿಸುತ್ತದೆ. ಕಾಲಿನ ಅದೇ ಗಾಯ ಕಚೇರಿ ನೌಕರನಿಗಿಂತ ದೋಣಿಯಲ್ಲಿ ದುಡಿಯುವ ಮೀನುಗಾರನಿಗೆ ಅಥವಾ ಅಡಿಕೆ ಕೊಯ್ಯುವವನಿಗೆ ಹೆಚ್ಚಿನ ನಷ್ಟ ತರುತ್ತದೆ. ಆದುದರಿಂದ ಗಾಯಾಳುವಿನ ಕೆಲಸದ ಸ್ವರೂಪವನ್ನು ಸಾಕ್ಷ್ಯದಲ್ಲಿ ವಿವರಿಸುವುದು ಹಾಗೂ ಚಿಕಿತ್ಸೆ ನೀಡಿದ ವೈದ್ಯರ ಹೇಳಿಕೆ ಕೊಡಿಸುವುದು ಮುಖ್ಯ.

ಉದಾಹರಣೆಗೆ, 38 ವರ್ಷದ ವ್ಯಕ್ತಿಯ ಮಾಸಿಕ ಆದಾಯ ರೂ. 15,000 ಎಂದಿರಲಿ. ಆ ವಯಸ್ಸಿಗೆ ಗುಣಕ 15. ದುಡಿಮೆಯ ನಷ್ಟ ಶೇ. 10 ಎಂದಾದರೆ ಈ ಬಾಬಿನ ಮೊತ್ತ ರೂ. 2,70,000, ಶೇ. 20 ಎಂದಾದರೆ ರೂ. 5,40,000. ಚಿಕಿತ್ಸಾ ವೆಚ್ಚ, ನೋವು, ಭವಿಷ್ಯದ ಆದಾಯವೃದ್ಧಿ ಇತ್ಯಾದಿಗಳ ಲೆಕ್ಕ ಪ್ರತ್ಯೇಕ.

ಸಂಬಳ ಚೀಟಿ ಇಲ್ಲದವರು

ಕೂಲಿಕಾರರಿಂದ ಲಿಖಿತ ಆದಾಯ ದಾಖಲೆಯನ್ನು ನಿರೀಕ್ಷಿಸಲಾಗದೆಂದೂ ಅವರು ಹೇಳುವ ಸಮಂಜಸ ಆದಾಯವನ್ನು ಒಪ್ಪಬಹುದೆಂದೂ ಕರ್ನಾಟಕದ ಕೂಲಿ ಕಾರ್ಮಿಕರೊಬ್ಬರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2011ರಲ್ಲಿ ಹೇಳಿದೆ. ಆದರೂ ಬ್ಯಾಂಕ್ ಪಾಸ್‌ಬುಕ್, ಸಹಕಾರ ಸಂಘದ ವಹಿವಾಟಿನ ರಸೀದಿ, ಕಾರ್ಮಿಕ ಅಥವಾ ಮೀನುಗಾರರ ಗುರುತಿನ ಚೀಟಿ, ದೋಣಿ ಮಾಲೀಕರ ಸಾಕ್ಷ್ಯ ಇವು ಆ ಮಾತಿಗೆ ಬಲ ನೀಡುತ್ತವೆ.

ಢಿಕ್ಕಿ ಹೊಡೆದು ಪರಾರಿಯಾದ ವಾಹನ ಪತ್ತೆಯಾಗದಿದ್ದರೆ, ತೀವ್ರ ಗಾಯಕ್ಕೆ ರೂ. 50,000 ಹಾಗೂ ಮರಣಕ್ಕೆ ರೂ. 2 ಲಕ್ಷ ನಿಗದಿತ ಪರಿಹಾರವಿದೆ. ಇದಕ್ಕಾಗಿ ತಹಶೀಲ್ದಾರ್ ಕಚೇರಿಯಲ್ಲಿ ವಿಚಾರಿಸಬೇಕು. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು ಹಾಗೂ ನಿಗದಿತ ಆದಾಯ ಮಿತಿಯೊಳಗಿನವರು ತಾಲೂಕು ಕಾನೂನು ಸೇವಾ ಸಮಿತಿಯಿಂದ ಉಚಿತ ವಕೀಲರ ನೆರವು ಪಡೆಯಬಹುದು.

ಗ್ರಾಮ ಪಂಚಾಯತಿಗಳು ಈ ಮಾಹಿತಿಯನ್ನು ಸೂಚನಾ ಫಲಕದಲ್ಲಿ ಪ್ರಕಟಿಸಿ, ಮುಂದಿನ ಗ್ರಾಮಸಭೆಯಲ್ಲಿ ಓದಿ ತಿಳಿಸುವುದು.