ಕದ್ದ ಮಾಲಿನ ಲೆಕ್ಕ: ಬೈಬಲ್ ಹಿಡಿದು ಗುಲಾಮಗಿರಿಯನ್ನು ಎದುರಿಸಿದವರ ವಾದ

ಹೋದ ಸಂಚಿಕೆಯಲ್ಲಿ ಅಟ್ಲಾಂಟಿಕ್ ಗುಲಾಮ ವ್ಯಾಪಾರದ ಹಡಗುಗಳ ಬಗ್ಗೆ ಮಾತಾಡಿದ್ವಿ. ಆಮೇಲೆ ಬಂದ ಮೆಸೇಜುಗಳಲ್ಲಿ ಒಂದು ಪ್ರಶ್ನೆ ಮತ್ತೆ ಮತ್ತೆ ಇತ್ತು. ಗುಲಾಮರನ್ನು ಇಟ್ಟುಕೊಂಡವರೂ ಕ್ರೈಸ್ತರೇ, ಬಿಡಿಸಬೇಕು ಅಂದವರೂ ಕ್ರೈಸ್ತರೇ, ಇಬ್ಬರ ಕೈಯಲ್ಲೂ ಇದ್ದದ್ದು ಅದೇ ಬೈಬಲ್. ಹಾಗಾದ್ರೆ ವಾದ ನಡೆದದ್ದಾದ್ರೂ ಹೇಗೆ? ಇವತ್ತು ಅದನ್ನೇ ಹಿಡ್ಕೊಂಡು ಕೂತಿದ್ದೀನಿ.

ಮೊದಲು ಒಂದು ವಿಷಯ ನೇರವಾಗಿ ಹೇಳಿಬಿಡ್ತೀನಿ. ಬರೀ ವಚನಗಳನ್ನು ಎಣಿಸುತ್ತಾ ಹೋದ್ರೆ ಮಾಲೀಕರ ಕಡೆಯ ತಕ್ಕಡಿಯೇ ಕೆಳಗೆ ಬರುತ್ತಿತ್ತು. ಅಬ್ರಹಾಮನ ಮನೆಯಲ್ಲಿ ದಾಸರಿದ್ದರು. ಮೋಶೆಯ ಧರ್ಮಶಾಸ್ತ್ರದಲ್ಲಿ ದಾಸರನ್ನು ಇಟ್ಟುಕೊಳ್ಳೋಕೆ ನಿಯಮಗಳೇ ಇವೆ. ದಾಸರು ಯಜಮಾನರ ಮಾತು ಕೇಳಬೇಕು ಅಂತ ಎಫೆಸದವರಿಗೆ ಬರೆದ ಪತ್ರದಲ್ಲಿದೆ. ಒನೇಸಿಮ ಅನ್ನೋ ದಾಸನನ್ನು ಪೌಲನೇ ಯಜಮಾನ ಫಿಲೆಮೋನನ ಹತ್ತಿರ ವಾಪಸ್ ಕಳಿಸಿದ. ಇದರ ಮೇಲೆ ನೋಹನ ಶಾಪದ ಕಥೆ ಬೇರೆ: ಆಫ್ರಿಕಾದವರೆಲ್ಲ ನೋಹನ ಮಗ ಹಾಮನ ವಂಶದವರು, ಶಾಪಗ್ರಸ್ತರು, ಆದ್ದರಿಂದ ದಾಸರು ಅಂತ. ಆದಿಕಾಂಡ ತೆಗೆದು ನೋಡಿದ್ರೆ ಶಾಪ ಬಿದ್ದಿರೋದು ಹಾಮನ ಮೇಲಲ್ಲ, ಅವನ ಮಗ ಕಾನಾನನ ಮೇಲೆ. ಮೈಬಣ್ಣದ ಮಾತು ಅಲ್ಲಿ ಎಲ್ಲೂ ಇಲ್ಲ. ಆದ್ರೂ ಆ ಕಥೆ ಇನ್ನೂರು ಮುನ್ನೂರು ವರ್ಷ ಓಡಿತು. ವ್ಯಾಪಾರಕ್ಕೆ ಅನುಕೂಲ ಆಗೋ ಕಥೆಗೆ ಆಯಸ್ಸು ಜಾಸ್ತಿ.

ವಿರೋಧಿಗಳ ಹತ್ತಿರವೂ ದೊಡ್ಡ ಮಾತುಗಳಿದ್ದವು. ದೇವರು ಮನುಷ್ಯನನ್ನು ತನ್ನ ಹೋಲಿಕೆಯಲ್ಲೇ ಸೃಷ್ಟಿಸಿದ, ಎಲ್ಲ ಜನಾಂಗಗಳದ್ದೂ ಒಂದೇ ಮೂಲ, ನಿನಗೆ ಏನಾಗಬೇಕು ಅಂತ ಬಯಸ್ತೀಯೋ ಅದನ್ನೇ ಬೇರೆಯವರಿಗೂ ಮಾಡು. ತೊಂದರೆ ಏನಂದ್ರೆ, ಇದಕ್ಕೆಲ್ಲ ಮಾಲೀಕನೂ ತಲೆ ಆಡಿಸ್ತಿದ್ದ. 'ಹೌದು ಸ್ವಾಮಿ, ನಾನೂ ಅವರನ್ನ ಚೆನ್ನಾಗೇ ನೋಡ್ಕೋತೀನಿ' ಅಂದ್ರೆ ಅಲ್ಲಿಗೆ ಮಾತು ಮುಗೀತು.

ಅವನಿಗೆ ತಪ್ಪಿಸಿಕೊಳ್ಳೋಕೆ ಜಾಗ ಕೊಡದ ವಾದ ಇನ್ನೊಂದಿತ್ತು. ನಾನು ಕಾಮರ್ಸ್ ಓದಿದವನಾದ್ದರಿಂದ ನನಗೆ ಅದೇ ಹೆಚ್ಚು ಹಿಡಿಸಿತು. 1688ರಲ್ಲಿ ಪೆನ್ಸಿಲ್ವೇನಿಯಾದ ಜರ್ಮನ್‌ಟೌನ್‌ನಲ್ಲಿ ನಾಲ್ಕು ಜನ ಕ್ವೇಕರ್ ಸಭೆಗೆ ಒಂದು ಅರ್ಜಿ ಬರೆದರು. ಮನುಷ್ಯರನ್ನು ಕದಿಯುವವನಿಗೂ, ಹಾಗೆ ಕದ್ದವರನ್ನು ಕೊಳ್ಳುವವನಿಗೂ ವ್ಯತ್ಯಾಸ ಏನು ಅನ್ನೋದು ಅದರಲ್ಲಿದ್ದ ಒಂದು ಪ್ರಶ್ನೆ. ಅರ್ಜಿ ತಿಂಗಳ ಸಭೆಯಿಂದ ಮೂರು ತಿಂಗಳ ಸಭೆಗೆ, ಅಲ್ಲಿಂದ ವಾರ್ಷಿಕ ಸಭೆಗೆ ಹೋಗಿ ಅಲ್ಲೇ ಮಲಗಿತು. ಕಡತದ ಹಣೆಬರಹ ಎಲ್ಲ ಕಡೆ ಒಂದೇ ನೋಡಿ.

ಬಿ.ಕಾಂ. ಓದಿದವರಿಗೆ ಸರಕು ಮಾರಾಟ ಕಾಯ್ದೆ ನೆನಪಿರಬಹುದು. ಅದರ 27ನೇ ಸೆಕ್ಷನ್ ಪ್ರಕಾರ, ಕೆಲವು ವಿನಾಯಿತಿ ಬಿಟ್ರೆ, ಮಾರುವವನಿಗೆ ಇಲ್ಲದ ಹಕ್ಕು ಕೊಳ್ಳುವವನಿಗೂ ಬರಲ್ಲ. ಕದ್ದ ಬೈಕನ್ನು ನಾನು ಪೂರ್ತಿ ದುಡ್ಡು ಕೊಟ್ಟು ತಗೊಂಡ್ರೂ, ಎಣ್ಣೆ ಹಾಕಿ ಒರೆಸಿ ಇಟ್ಕೊಂಡ್ರೂ ಅದು ನನ್ನದಾಗಲ್ಲ. ಗುಲಾಮಗಿರಿ ವಿರೋಧಿಗಳು ಇದೇ ತತ್ವವನ್ನು ಬೈಬಲಿನ ಒಳಗೇ ತೋರಿಸಿದರು. ಮನುಷ್ಯನನ್ನು ಕದ್ದು ಮಾರಿದವನಿಗೂ, ಕದ್ದವನನ್ನು ವಶದಲ್ಲಿ ಇಟ್ಟುಕೊಂಡವನಿಗೂ ಮರಣದಂಡನೆ ಅಂತ ವಿಮೋಚನಕಾಂಡದ 21ನೇ ಅಧ್ಯಾಯ ಹೇಳುತ್ತೆ. ತಿಮೊಥೆಯನಿಗೆ ಬರೆದ ಮೊದಲ ಪತ್ರದಲ್ಲಿ ನರಚೋರರ ಹೆಸರು ಕೊಲೆಗಾರರ ಸಾಲಿನಲ್ಲೇ ಬರುತ್ತೆ. ಹಾಗಾದ್ರೆ ಆಫ್ರಿಕಾದ ತೀರದಲ್ಲಿ ಮೊದಲ ಕೈಗೆ ಹಕ್ಕು ಎಲ್ಲಿಂದ ಬಂತು? ಮೊದಲ ಕೈಗೆ ಇಲ್ಲದ್ದು ಹತ್ತನೇ ಕೈಗೆ ಬರೋದು ಹೇಗೆ? ಮಾಲೀಕ ಒಳ್ಳೆಯವನೋ ಕೆಟ್ಟವನೋ ಅನ್ನೋ ಪ್ರಶ್ನೆ ಇಲ್ಲಿ ಏಳೋದೇ ಇಲ್ಲ.

1774ರಲ್ಲಿ ಮೆಥಡಿಸ್ಟ್ ಪಂಥದ ಸ್ಥಾಪಕ ಜಾನ್ ವೆಸ್ಲಿ ಗುಲಾಮಗಿರಿಯ ಬಗ್ಗೆ ಬರೆದ ಕಿರುಪುಸ್ತಕದಲ್ಲಿ ತೋಟದ ಮಾಲೀಕರನ್ನು ಹೀಗೇ ಹಿಡಿದ. ನಿಮ್ಮ ದುಡ್ಡು ವರ್ತಕನಿಗೆ, ವರ್ತಕನ ಮೂಲಕ ಕಪ್ತಾನನಿಗೆ ಹೋಗುತ್ತೆ, ಇಡೀ ಯಂತ್ರ ತಿರುಗೋದು ನಿಮ್ಮಿಂದ ಅನ್ನೋದು ಅವನ ಮಾತಿನ ಸಾರ. 1787ರಲ್ಲಿ ಕ್ವೊಬ್ನಾ ಒಟ್ಟೊಬಾ ಕುಗೊವಾನೊ ಅದೇ ವಾದವನ್ನು ಇನ್ನೂ ಖಾರವಾಗಿ ಮಂಡಿಸಿದ. ಅವನಿಗೆ ಇದು ಪುಸ್ತಕದ ವಿಷಯ ಆಗಿರಲಿಲ್ಲ. ಇವತ್ತಿನ ಘಾನಾದ ಕರಾವಳಿಯಲ್ಲಿ ಹುಡುಗನಾಗಿದ್ದಾಗ ಅವನನ್ನೇ ಕದ್ದು ಗ್ರೆನಡಾ ದ್ವೀಪಕ್ಕೆ ಸಾಗಿಸಿದ್ದರು. ಇಂಗ್ಲೆಂಡಿಗೆ ಬಂದ ಮೇಲೆ ಓದು ಬರಹ ಕಲಿತ, ದೀಕ್ಷಾಸ್ನಾನ ಪಡೆದ, ಕ್ರೈಸ್ತನಾಗಿಯೇ ಕ್ರೈಸ್ತರನ್ನು ಪ್ರಶ್ನೆ ಕೇಳಿದ. ವ್ಯಾಪಾರ ಮಾತ್ರ ನಿಂತ್ರೆ ಸಾಲದು, ಗುಲಾಮಗಿರಿಯೇ ಹೋಗಬೇಕು ಅಂತ ಅವನು ಬರೆದಾಗ ಇಂಗ್ಲೆಂಡಿನ ದೊಡ್ಡ ದೊಡ್ಡ ಸುಧಾರಕರು ಇನ್ನೂ ವ್ಯಾಪಾರದ ಮಾತಿನಲ್ಲೇ ಇದ್ದರು.

ಈ ವಾದ ಎಷ್ಟು ಚುಚ್ಚುತ್ತಿತ್ತು ಅನ್ನೋದಕ್ಕೆ ಎದುರಾಳಿಗಳ ಕೈಬರಹವೇ ಸಾಕ್ಷಿ. ಅಮೆರಿಕದ ಪ್ರೆಸ್ಬಿಟೇರಿಯನ್ ಚರ್ಚ್ 1794ರಲ್ಲಿ ತನ್ನ ಧರ್ಮಬೋಧೆಯ ಪ್ರಶ್ನೋತ್ತರ ಪುಸ್ತಕಕ್ಕೆ, ಕದಿಯಬಾರದು ಅನ್ನೋ ಆಜ್ಞೆಯ ಕೆಳಗೆ, ಒಂದು ಅಡಿಟಿಪ್ಪಣಿ ಸೇರಿಸಿತು. ಗುಲಾಮರನ್ನು ತರುವವರು, ಇಟ್ಟುಕೊಳ್ಳುವವರು, ಮಾರುವವರು, ಕೊಳ್ಳುವವರು ಎಲ್ಲರೂ ನರಚೋರರೇ ಅನ್ನೋದು ಅದರ ಅರ್ಥ. 1816ರಲ್ಲಿ ಅದೇ ಚರ್ಚ್ ಆ ಟಿಪ್ಪಣಿಯನ್ನು ತೆಗೆದುಹಾಕಿತು. ನಡುವೆ 1807ರಲ್ಲಿ ಲಂಡನ್‌ನಲ್ಲಿ ವೆಸ್ಟ್ ಇಂಡೀಸ್ ಗುಲಾಮರಿಗಾಗಿಯೇ ಆರಿಸಿ ಅಚ್ಚು ಹಾಕಿದ ಬೈಬಲ್ ಬಂತು. ಹಳೆ ಒಡಂಬಡಿಕೆಯ ಸುಮಾರು ಶೇ. 90, ಹೊಸ ಒಡಂಬಡಿಕೆಯ ಸುಮಾರು ಅರ್ಧ ಅದರಲ್ಲಿ ಇಲ್ಲ. ಇಸ್ರಾಯೇಲ್ಯರು ಐಗುಪ್ತದ ದಾಸತ್ವದಿಂದ ಹೊರಬರೋ ಕಥೆ ಮಾಯ. ಯೋಸೇಫ ದಾಸನಾಗಿ ನಿಷ್ಠೆಯಿಂದ ದುಡಿದ ಕಥೆ, ಯಜಮಾನರಿಗೆ ವಿಧೇಯರಾಗಿರಿ ಅನ್ನೋ ಭಾಗ ಮಾತ್ರ ಭದ್ರವಾಗಿದೆ. ಬೈಬಲ್ ಪೂರ್ತಿ ತಮ್ಮ ಪರ ಇದ್ದಿದ್ರೆ ಇಷ್ಟೊಂದು ಪುಟ ಕತ್ತರಿಸೋ ಗರಜು ಯಾಕೆ ಬಿತ್ತು?

ಕೊಳ್ಳುವವನೂ ಕಳ್ಳ ಅಂದಮೇಲೆ, ಕದ್ದವರ ಬೆವರಿನಿಂದ ಬಂದ ಸಕ್ಕರೆ ತಿನ್ನುವವನು? ಲೆಕ್ಕ ಅಡುಗೆಮನೆಗೂ ಬಂತು. ನ್ಯೂಜೆರ್ಸಿಯ ಕ್ವೇಕರ್ ಜಾನ್ ವೂಲ್ಮನ್ ಇಪ್ಪತ್ತರ ಹರೆಯದಲ್ಲಿ ಒಂದು ಅಂಗಡಿಯಲ್ಲಿ ಕೆಲಸಕ್ಕಿದ್ದ. ತನ್ನ ಹತ್ತಿರ ಇದ್ದ ಒಬ್ಬ ಕರಿಯ ಹೆಂಗಸನ್ನು ಮಾರಿದ್ದೀನಿ, ಕ್ರಯಪತ್ರ ಬರಿ ಅಂದ ಧಣಿ. ವೂಲ್ಮನ್ ಬರೆದ. ಆದ್ರೆ ಇದು ಕ್ರೈಸ್ತ ಧರ್ಮಕ್ಕೆ ಒಪ್ಪೋದಲ್ಲ ಅಂತ ಧಣಿಗೂ ಕೊಂಡವನಿಗೂ ಅಲ್ಲೇ ಹೇಳಿದ. ಮುಂದೆ ಇನ್ನೊಬ್ಬರು ಅಂಥದ್ದೇ ಪತ್ರ ಬರೆಸೋಕೆ ಬಂದಾಗ ಬರೆಯಲ್ಲ ಅಂದುಬಿಟ್ಟ. ಗುಲಾಮರಿದ್ದ ಮನೆಯಲ್ಲಿ ಉಳಿದುಕೊಂಡ್ರೆ ತನಗೆ ಮಾಡಿದ ಸೇವೆಗೆ ಆ ಗುಲಾಮರಿಗೆ ಕಾಸು ಕೊಡುತ್ತಿದ್ದ. ಸಕ್ಕರೆಯನ್ನೂ ಬಿಟ್ಟ. 1791ರಲ್ಲಿ ವಿಲಿಯಂ ಫಾಕ್ಸ್ ಅನ್ನೋನು ಇಂಗ್ಲೆಂಡಿನಲ್ಲಿ ಲೆಕ್ಕವನ್ನೇ ಅಚ್ಚು ಹಾಕಿಸಿದ: ವಾರಕ್ಕೆ 5 ಪೌಂಡ್ ಸಕ್ಕರೆ ಬಳಸುವ ಕುಟುಂಬ 21 ತಿಂಗಳು ಅದನ್ನು ಬಿಟ್ಟರೆ ಒಬ್ಬ ಮನುಷ್ಯ ಗುಲಾಮನಾಗೋದು ಅಥವಾ ಸಾಯೋದು ತಪ್ಪುತ್ತೆ ಅಂತ. ಅಂಕಿ ಎಷ್ಟು ಕರಾರುವಾಕ್ಕೋ, ಬಿಡಿ. ಆದ್ರೆ ಸುಮಾರು ಮೂರು ಲಕ್ಷ ಜನ ಸಕ್ಕರೆ ಬಿಟ್ಟರು ಅಂತ ಥಾಮಸ್ ಕ್ಲಾರ್ಕ್‌ಸನ್ ಅಂದಾಜು ಮಾಡಿದ. ಪಾರ್ಲಿಮೆಂಟಿಗೆ ಓಟು ಹಾಕೋ ಹಕ್ಕಿಲ್ಲದ ಹೆಂಗಸರು ಈ ವಿಷಯದಲ್ಲಿ ತೀರ್ಮಾನ ಮಾಡಿದ್ದು ಚಹಾ ಬಟ್ಟಲಿನ ಮುಂದೆ.

ಈಗ ನನಗೆ ಹೊಟ್ಟೆ ಉರಿಯೋ ಭಾಗಕ್ಕೆ ಬರ್ತೀನಿ. 1833ರಲ್ಲಿ ಬ್ರಿಟಿಷ್ ಪಾರ್ಲಿಮೆಂಟು ಗುಲಾಮಗಿರಿ ರದ್ದು ಮಾಡಿತು, ಜೊತೆಗೆ 2 ಕೋಟಿ ಪೌಂಡ್ ಪರಿಹಾರ ಕೊಟ್ಟಿತು. ಯಾರಿಗೆ? ಮಾಲೀಕರಿಗೆ. ಅದಕ್ಕೆ ಮಾಡಿದ ಸಾಲದ ಕೊನೆಯ ಬಾಕಿ ತೀರಿದ್ದು 2015ರಲ್ಲಿ. ಬಿಡುಗಡೆಯಾದವರಿಗೆ ಒಂದು ಕಾಸೂ ಇಲ್ಲ. ಹೊಲದಲ್ಲಿ ದುಡಿಯುವವರು 'ಅಪ್ರೆಂಟಿಸ್' ಅನ್ನೋ ಹೊಸ ಹೆಸರಲ್ಲಿ 1838ರವರೆಗೆ ಅದೇ ಮಾಲೀಕರಿಗೆ ಬಿಟ್ಟಿ ದುಡಿಯಬೇಕಾಯ್ತು. ಪರಿಹಾರ ಕೊಡೋದು ಅಂದ್ರೆ ಆಸ್ತಿ ನಿಮ್ಮದೇ ಆಗಿತ್ತು ಅಂತ ಸರ್ಕಾರ ಒಪ್ಪಿದ ಹಾಗೆ. ಲೆಸ್ಟರ್‌ನ ಎಲಿಜಬೆತ್ ಹೇರಿಕ್ 1824ರಲ್ಲೇ, ಪರಿಹಾರ ಮೊದಲು ಸಲ್ಲಬೇಕಾದ್ದು ಗುಲಾಮರಿಗೆ ಅಂತ ಬರೆದಿದ್ದಳು. ದುಡ್ಡು ಪಡೆದವರ ಪಟ್ಟಿಯಲ್ಲಿ ಆಂಗ್ಲಿಕನ್ ಚರ್ಚಿನ ಧರ್ಮಪ್ರಚಾರ ಸಂಘವೂ ಇದೆ. ಬಾರ್ಬಡೋಸ್‌ನ ಕಾಡ್ರಿಂಗ್‌ಟನ್ ತೋಟ ಅದಕ್ಕೆ 1710ರಲ್ಲಿ ಉಯಿಲಿನ ಮೂಲಕ ಬಂದಿತ್ತು. ಒಂದು ಕಾಲದಲ್ಲಿ ಅಲ್ಲಿನ ಗುಲಾಮರ ಎದೆಯ ಮೇಲೆ 'ಸೊಸೈಟಿ' ಅಂತ ಬರೆ ಹಾಕ್ತಿದ್ರು. 411 ಜನರ ಲೆಕ್ಕಕ್ಕೆ ಸಂಘ ಪಡೆದದ್ದು 8,823 ಪೌಂಡ್.

ಆ ಕಾಯ್ದೆ ಬೇಗ ಬರೋಕೆ ಕಾರಣನಾದವರಲ್ಲಿ ಒಬ್ಬ ಜಮೈಕಾದ ಸ್ಯಾಮ್ ಶಾರ್ಪ್. ಅವನೂ ಗುಲಾಮ, ಬ್ಯಾಪ್ಟಿಸ್ಟ್ ಸಭೆಯ ಡೀಕನ್. ಒಬ್ಬ ಆಳು ಇಬ್ಬರು ಧಣಿಗಳಿಗೆ ದುಡಿಯಲಾರ ಅನ್ನೋ ಯೇಸುವಿನ ಬೋಧೆ ಅವನಿಗೆ ಆಧಾರ. 1831ರ ಕ್ರಿಸ್ಮಸ್ ಆದಮೇಲೆ ಕೂಲಿ ಕೊಡದೆ ಕೆಲಸ ಇಲ್ಲ ಅನ್ನೋ ಮುಷ್ಕರ ಅವನು ಯೋಜಿಸಿದ್ದು. ಅದು ದಂಗೆಯಾಯಿತು, ಸಾವಿರಾರು ಜನ ಸೇರಿದರು. 1832ರ ಮೇನಲ್ಲಿ ಅವನನ್ನು ಗಲ್ಲಿಗೇರಿಸಿದರು.

ಕೊನೆಗೆ ನಮ್ಮ ಕಡೆಯ ಒಂದು ಎಳೆ. ವೆಸ್ಟ್ ಇಂಡೀಸ್ ಸಕ್ಕರೆ ಬಿಟ್ಟವರಲ್ಲಿ ಎಷ್ಟೋ ಜನ, ಗುಲಾಮರು ಮಾಡಿದ್ದಲ್ಲ ಅಂತ ಬರೆದ ಬಟ್ಟಲುಗಳಲ್ಲಿ ಈಸ್ಟ್ ಇಂಡಿಯಾ ಸಕ್ಕರೆ ಹಾಕ್ಕೊಂಡ್ರು, ಅಂದ್ರೆ ಇಂಡಿಯಾದ್ದು. ಅಷ್ಟರಲ್ಲಾಗಲೇ ಫ್ರಾನ್ಸಿಸ್ ಬುಕನನ್ 1800-01ರಲ್ಲಿ ಮೈಸೂರು, ಕೆನರಾ, ಮಲಬಾರ್ ಸುತ್ತಿ, ಕೆನರಾದ ಗದ್ದೆಗಳಲ್ಲಿ ಕೂಲಿಯಾಳುಗಳ ಜೊತೆ ಮೂಲದಾಳುಗಳು, ಅಂದ್ರೆ ಕೊಂಡ ಆಳುಗಳು, ದುಡಿಯೋದನ್ನು ಬರೆದಿಟ್ಟಿದ್ದ. 1833ರ ಕಾಯ್ದೆ ಕಂಪನಿಯ ಪ್ರಾಂತ್ಯಗಳನ್ನು ಹೊರಗಿಟ್ಟಿತು. ಇಲ್ಲಿಗೆ ಬಂದದ್ದು 1843ರ 5ನೇ ಕಾಯ್ದೆ. ಮನುಷ್ಯನ ಮೇಲೆ ಆಸ್ತಿಯ ಹಕ್ಕು ಇದೆ ಅಂತ ಯಾರೇ ಬಂದ್ರೂ ಕೋರ್ಟು ಅದನ್ನು ಜಾರಿ ಮಾಡಲ್ಲ ಅಂದಿತು ಅದು. ಮಾಲೀಕರಿಗೆ ಪರಿಹಾರವೂ ಇಲ್ಲ. ಜರ್ಮನ್‌ಟೌನ್‌ನ ಆ ನಾಲ್ವರು ಕೇಳಿದ ಪ್ರಶ್ನೆಗೆ ಕಾನೂನಿನ ಭಾಷೆಯಲ್ಲಿ ಇದಕ್ಕಿಂತ ಹತ್ತಿರದ ಉತ್ತರ ನನಗೆ ಕಾಣಲಿಲ್ಲ. ಆದ್ರೆ ಇಟ್ಟುಕೊಂಡವನಿಗೆ ಶಿಕ್ಷೆ ಅನ್ನೋ ಮಾತು ಅದರಲ್ಲಿರಲಿಲ್ಲ, ಗುಲಾಮರ ವ್ಯಾಪಾರ ಅಪರಾಧ ಆಗಿದ್ದು 1860ರ ದಂಡ ಸಂಹಿತೆ ಬಂದಮೇಲೆ. ಅಲ್ಲೀವರೆಗೆ ಕೆನರಾದ ಮೂಲದಾಳಿಗೆ ಕೋರ್ಟಿನಲ್ಲಿ ಧಣಿ ಇರಲಿಲ್ಲ, ಗದ್ದೆಯಲ್ಲಿ ಇದ್ದ. ಬುಕನನ್ ಬರೆದಿಟ್ಟ ಆ ಗದ್ದೆಗಳ ಲೆಕ್ಕ ಮುಂದಿನ ಸಂಚಿಕೆಗೆ.