ಕಬ್ಬಿಣ ಕೊಯ್ಯುವ ಗರಗಸ

ಆಯುಧದಲ್ಲಿ ಮಾಡಿದ ಉಳಿತಾಯವು ಉಳಿತಾಯವಲ್ಲವೆಂಬುದನ್ನು ನಾವು ತಡವಾಗಿ ಕಲಿತೆವು. ಮುಂಬಯಿಯಲ್ಲಿ ನಾವು ಹೋಟೆಲು ನಡೆಸುತ್ತಿದ್ದಾಗ, ಒಂದು ಬೆಳಗ್ಗೆ ನೀರು ಬರುವ ಹೊತ್ತಿಗೇ ಅಡುಗೆಮನೆಯ ಕೊಳವೆ ಒಡೆಯಿತು. ಪ್ಲಂಬರನು ಬರುವವರೆಗೆ ನಮಗೆ ತಾಳ್ಮೆಯಿರಲಿಲ್ಲ. "ನೀನೇ ಕೊಯ್ದುಬಿಡು, ತಮ್ಮಾ" ಎಂದೆವು. ಗರಗಸದ ಚೌಕಟ್ಟನ್ನು ನಾವು ಕೊಂಡಿರಲಿಲ್ಲವಾದುದರಿಂದ ಆ ತರುಣನು ಸವೆದ ಬ್ಲೇಡಿಗೇ ಬಟ್ಟೆ ಸುತ್ತಿ ಕೊಯ್ಯತೊಡಗಿದನು. ಬ್ಲೇಡು ಮುರಿದು ಅವನ ಅಂಗೈಯನ್ನು ಸೀಳಿತು. ಹದಿನೈದು ದಿನ ಅವನು ಲೋಟ ಹಿಡಿಯಲಾರದವನಾದನು. ತಪ್ಪು ಅವನದಲ್ಲ, ನಮ್ಮದು. ತರುವಾಯ ಫಿಟ್ಟರರಿಂದ ಕೇಳಿ, ಸ್ವತಃ ಕೊಯ್ದು ತಿಳಿದುದನ್ನು ವಾಚಕ ಬಂಧುಗಳ ಮುಂದಿಡುತ್ತೇವೆ.

ನಾಗದೇವಿ ಬೀದಿಯ ಅಂಗಡಿಗಳಲ್ಲಿ ದೊರೆಯುವ ಹ್ಯಾಕ್ಸಾ ಬ್ಲೇಡು ಸಾಮಾನ್ಯವಾಗಿ 12 ಅಂಗುಲದ್ದು. ಕೊಳ್ಳುವಾಗ ನೋಡಬೇಕಾದುದು ಅಂಗುಲಕ್ಕೆಷ್ಟು ಹಲ್ಲುಗಳೆಂಬುದನ್ನು. 14 ಹಲ್ಲಿನದು ದಪ್ಪನಾದ ಮೆದು ಲೋಹಕ್ಕೆ, 18ರದು ಸಾಧಾರಣ ಕಬ್ಬಿಣದ ಸರಳಿಗೆ, 24ರದು ಆಂಗಲ್ ಹಾಗೂ ದಪ್ಪ ಕೊಳವೆಗೆ, 32ರದು ತೆಳು ಕೊಳವೆಗೆ ಮತ್ತು ತಗಡಿಗೆ. ಕೊಯ್ಯುವ ದಪ್ಪದ ಮೇಲೆ ಸದಾ ಮೂರು ಹಲ್ಲುಗಳಾದರೂ ಕೂತಿರಬೇಕು; ಇಲ್ಲವಾದರೆ ಅಂಚಿಗೆ ಸಿಕ್ಕಿ ಹಲ್ಲು ಉದುರುವುದು. ತಗಡನ್ನು ಎರಡು ಹಲಗೆಗಳ ನಡುವೆ ಬಿಗಿದು ಹಲಗೆಸಮೇತ ಕೊಯ್ಯುವುದು ಲೇಸು.

ಬ್ಲೇಡಿನ ಹಲ್ಲುಗಳು ಹಿಡಿಯಿಂದ ಮುಂದಕ್ಕೆ ಮುಖಮಾಡಿರಬೇಕು. ಬ್ಲೇಡು ಸಡಿಲವಿದ್ದರೆ ಓರೆಯಾಗಿ ಕೊಯ್ದು ಮುರಿಯುವುದು. ಆದುದರಿಂದ ತಿರುಪನ್ನು ಚೆನ್ನಾಗಿ ಬಿಗಿಯಬೇಕು. ವಸ್ತುವನ್ನು ಕಾಲಿನಡಿ ಒತ್ತಿ ಹಿಡಿಯದೆ ವೈಸಿಗೆ ಸಿಕ್ಕಿಸತಕ್ಕದ್ದು. ಅರದಿಂದ ಸಣ್ಣ ಗೀರು ಮಾಡಿಕೊಂಡರೆ ಗರಗಸವು ಜಾರದು. ಮುಂದೂಡುವಾಗ ಮಾತ್ರ ಒತ್ತಡ. ಹಿಂದೆಳೆಯುವಾಗ ಕೈ ಹಗುರವಿರಲಿ. ನಿಮಿಷಕ್ಕೆ 40ರಿಂದ 50 ಸಲ, ಬ್ಲೇಡಿನ ಪೂರ್ತಿ ಉದ್ದವನ್ನೂ ಬಳಸಿ ಎಳೆದರೆ ಸಾಕು. ಅವಸರಪಟ್ಟರೆ ಬ್ಲೇಡು ಕಾದು ಹಲ್ಲು ಮೊಂಡಾಗುವುದು. ಸ್ಟೇನ್‌ಲೆಸ್ ಸ್ಟೀಲಿನ ಮೇಲೆ ಬರಿದೆ ಉಜ್ಜಿದರೆ ಅದು ಮತ್ತಷ್ಟು ಗಡುಸಾಗುವುದರಿಂದ ನಿಧಾನವಾಗಿ, ಒತ್ತಿ ಕೊಯ್ಯಬೇಕು. ನಡುವೆ ಬ್ಲೇಡು ಮುರಿದರೆ ಹೊಸದನ್ನು ಹಳೆಯ ಸೀಳಿಗೆ ತುರುಕಬಾರದು. ಸವೆದ ಬ್ಲೇಡಿನ ಸೀಳು ಕಿರಿದಾಗಿರುವುದರಿಂದ ಹೊಸದು ಅದರಲ್ಲಿ ಸಿಕ್ಕಿಕೊಳ್ಳುವುದು. ವಸ್ತುವನ್ನು ತಿರುಗಿಸಿ ಬೇರೆ ಕಡೆಯಿಂದ ಆರಂಭಿಸಬೇಕು. ತುಂಡು ಬೀಳುವ ಸಮಯದಲ್ಲಿ ಒತ್ತಡವನ್ನು ತಗ್ಗಿಸಿದರೆ ಕೈಗೆ ಪೆಟ್ಟಾಗದು.

ಇಂದು ಹಲವರು ವಿದ್ಯುತ್ ಗ್ರೈಂಡರನ್ನು ಹಿಡಿಯುತ್ತಾರೆ. ಬೇಗ ಕೊಯ್ಯುವುದೇನೋ ನಿಜ. ಆದರೆ ಕಿಡಿಗಳು ದೂರಕ್ಕೆ ಹಾರುತ್ತವೆ. ಗ್ಯಾಸ್ ಸಿಲಿಂಡರಿರುವ ಅಡುಗೆಮನೆಯಲ್ಲಿ ಅದು ಸರ್ವಥಾ ಕೂಡದು. ಹೊರಗೆ ಬಳಸುವಾಗಲೂ ಚಕ್ರದ ಕವಚವನ್ನು ಕಳಚದೆ, ಕಣ್ಣಿಗೆ ಕನ್ನಡಕ ಧರಿಸಿಯೇ ಬಳಸತಕ್ಕದ್ದು.

ಹೋಟೆಲು ಮಾಲಿಕರಲ್ಲಿ ನಮ್ಮ ವಿನಂತಿಯಿಷ್ಟೆ: ಒಂದು ಚೌಕಟ್ಟು, ನಾಲ್ಕು ಒಳ್ಳೆಯ ಬ್ಲೇಡುಗಳನ್ನು ಕೊಂಡಿಡಿ. ದುಡಿಯುವ ತಮ್ಮಂದಿರಿಗೂ ಒಂದು ಮಾತು: ಧಣಿಗಳು ಅವಸರಪಡಿಸಿದರೂ ಬರಿಯ ಬ್ಲೇಡಿಗೆ ಕೈಹಾಕಬೇಡಿರಿ. ಊರಿನ ಮನೆಗೆ ತಿಂಗಳು ತಿಂಗಳು ಹಣ ಹೋಗುವುದು ಆ ಕೈಯಿಂದಲೇ ಅಲ್ಲವೆ?